ಆಪಾ ಬೈಯುವುದನ್ನು ಬಿಟ್ಟಾಗ

ಭೋಪಾಲ
೧೪ ಜುಲೈ ೨೦೨೩

ಅಕ್ಕೋರೆ, ಜೈಭೀಮ.

ಮೊನ್ನೆ ಫೋನಿನಲ್ಲಿ "ಏನಂದಿ? ಏನಂದಿ?" ಎಂದು ಕೇಳಿ ಕೇಳಿ, ಕೊನೆಗೆ "ಸುಡುಗಾಡು ಫೋನು, ನನ್ನ ಕಿವಿಗೆ ಆಗಂಗಿಲ್ಲ, ಪತ್ರ ಬರಿ" ಎಂದು ಇಟ್ಟುಬಿಟ್ಟಿರಿ. ಬರೆಯುತ್ತಿದ್ದೇನೆ. ಅಕ್ಷರ ಕೆಟ್ಟಿದೆ ಅಂತ ಬೈಯಬೇಡಿ, ಈ ಊರಿಗೆ ಬಂದ ಮೇಲೆ ಕನ್ನಡ ಬರೆಯುವ ಕೆಲಸವೇ ಬಿದ್ದಿಲ್ಲ.

ನಮ್ಮ ರಾಷ್ಟ್ರೀಯ ನೃತ್ಯ ಪ್ರಶಿಕ್ಷಣ ಶಾಲೆಯಲ್ಲಿ ನನ್ನ ಎರಡನೇ ವರ್ಷ ಶುರುವಾಯಿತು. ಬರುವ ಫೆಬ್ರುವರಿಗೆ ಶಾಲೆಗೆ ಐವತ್ತು ತುಂಬುತ್ತದೆ. ಅದಕ್ಕೆ ಶಾಲೆಯ ಇತಿಹಾಸದ ಪುಸ್ತಕ ತರುತ್ತಾರಂತೆ, ಕೆಲಸ ಹಚ್ಚಿದ್ದು ನಮಗೆ. ನನ್ನ ಪಾಲಿಗೆ ಮೊದಲ ಹತ್ತು ವರ್ಷ ಬಂದಿದೆ. ಹಳೆಯ ಮಂದಿಯನ್ನು ಹುಡುಕಿ ಮಾತಾಡಿಸಬೇಕು, ಗೋಡೆಯ ಮೇಲಿನ ಫೋಟೋಗಳಲ್ಲಿ ಯಾರು ಯಾರು ಅಂತ ಬರೆಯಬೇಕು.

ಅಲ್ಲಿಯೇ ಒಂದು ಸಂಗತಿ ಆಯಿತು. ೧೯೮೦ರ ಫೋಟೋದಲ್ಲಿ ಹಿಂದಿನ ಸಾಲಿನ ತುದಿಗೆ ಒಬ್ಬ ಹುಡುಗಿ ನಿಂತಿದ್ದಾಳೆ. ಎರಡು ಜಡೆ. ಹುಬ್ಬು ಗಂಟಿಕ್ಕಿದ್ದು, ಮೂಗು, ಗದ್ದ ಎತ್ತಿ ನಿಂತ ರೀತಿ ಎಲ್ಲ ನಿಮ್ಮದೇ. ಎಲ್ಲರ ಕೆಳಗೂ ಹೆಸರಿದೆ, ಅವಳ ಕೆಳಗೆ ಮಾತ್ರ ಇಲ್ಲ. ನೀವು ಹೈದರಾಬಾದಿನಲ್ಲಿ ಕಲಿತವರು ಎಂದು ಹೇಳಿದ್ದಿರಿ. ನಿಜವಾಗಿಯೂ ಹೌದೇನ್ರಿ?

ಆಗ ಕಲಿಸುತ್ತಿದ್ದವರಲ್ಲಿ ಈಗ ಉಳಿದವರು ನಮ್ಮ ಗುರು ತಾಹೇರಾ ಆಪಾ ಒಬ್ಬರೇ. ಎಂಬತ್ತಕ್ಕೆ ಬಂದರೂ ಬೆಳಿಗ್ಗೆ ಕೋಲು ಊರಿಕೊಂಡು ಪಾಠದ ಹಾಲಿಗೆ ಬಂದು ಕೂಡುತ್ತಾರೆ. ನನಗಂತೂ ದಿನಾ ಬೈಗುಳ. ಎಮ್ಮೆ ಕೆಸರು ತುಳಿದಂತೆ ತುಳಿಯುತ್ತೀಯ ಅನ್ನುತ್ತಾರೆ. ನಿಮ್ಮ ಕೈಯಲ್ಲಿ ಬೆಳೆದವಳಿಗೆ ಅದೇನು ದೊಡ್ಡದು?

ನಿಮ್ಮ
ಆಮ್ರಪಾಲಿ


ಮಾಣಿಕನಗರ
೨ ಆಗಸ್ಟ್ ೨೦೨೩

ಆಮ್ರಪಾಲಿ, ಮಗಳೆ,

ಪತ್ರ ಮುಟ್ಟಿತು. ಅಕ್ಷರ ಕೋಳಿ ಕೆದರಿದಂತಿದೆ. ಬೈಯಬೇಡಿ ಅಂದರೆ ಬಿಡುತ್ತೇನೆ ಅಂದುಕೊಂಡೆಯೇನು?

ಎರಡು ಜಡೆ ಹಾಕಿದ ಹುಡುಗಿಯರೆಲ್ಲ ಫೋಟೋದಲ್ಲಿ ಒಂದೇ ಥರ ಕಾಣುತ್ತಾರೆ. ಹುಬ್ಬು ಗಂಟಿಕ್ಕಿದ್ದು ಬಿಸಿಲಿಗೆ ಇರಬೇಕು. ನೀನು ಹೋದದ್ದು ಕುಣಿಯಲಿಕ್ಕೆ, ಗೋಡೆ ನೋಡಲಿಕ್ಕಲ್ಲ.

ಇಲ್ಲಿ ಎಲ್ಲ ಚೆನ್ನ. ಮೈದುನನ ಮಗ ಗುರುಶಾಂತ, ಮಠದ ದಾರಿಯಲ್ಲಿನ ತೆಂಗಿನಕಾಯಿ ಅಂಗಡಿ ದೊಡ್ಡದು ಮಾಡಿದ್ದಾನೆ. ನನ್ನ ಪಾಠ ಮೊದಲಿನಂತೆ, ವಾರವಿಡೀ ಇಲ್ಲಿ, ರವಿವಾರ ಬಸವಕಲ್ಯಾಣದಲ್ಲಿ. ಬಸ್‌ಸ್ಟ್ಯಾಂಡ್ ಹಿಂದಿನ ಆ ಕೋಣೆಗೆ ಹೋದಾಗೆಲ್ಲ ನೀನು ನೆನಪಾಗುತ್ತಿ. ಅಲ್ಲಿನ ಶಾಲೆಯ ಗ್ಯಾದರಿಂಗಿನಲ್ಲಿ ಯಾರದೋ ಲಂಗ ಉಟ್ಟು, ಹಿಂದಿನ ಸಾಲಿನಲ್ಲಿ ನಿಂತು, ಮುಂದಿನವರಿಗಿಂತ ಚಂದ ಕಾಲು ಹಾಕಿದ ಘಾಟಬೋರಾಳದ ಹುಡುಗಿಯನ್ನು ನಾನು ಕಿವಿ ಹಿಡಿದು ಎಳೆದುಕೊಂಡು ಬಂದಿದ್ದೆನಲ್ಲ!

ನಿನ್ನ ಅಪ್ಪ ನರಸಿಂಗ ಮೊನ್ನೆ ಹುಮನಾಬಾದ ಬಜಾರಿಗೆ ಬಂದವನು ಇಲ್ಲಿಗೂ ಬಂದಿದ್ದ. ಹೆಸರುಕಾಳು ತಂದಿದ್ದ. "ನಮ್ಮ ಹುಡುಗಿ ಹ್ಯಾಂಗದಾಳ್ರಿ ಅಕ್ಕೋರೆ?" ಅಂದ. "ದಿನಾ ಬೈಸ್ಕೋಳಾಕತ್ತಾಳ, ಚಂದ ಅದಾಳ" ಅಂದೆ. ಅವನಿಗೆ ಗಾಬರಿ. ಆಗ ಹೇಳಿದೆ, ಬೈದು ಹೇಳುವವರು ಬದುಕಲಿಕ್ಕೆ ಹೇಳುತ್ತಾರೆ, ನಕ್ಕು ಹೇಳುವವರು ಕೆಡಲಿಕ್ಕೆ ಹೇಳುತ್ತಾರೆ ಅಂತ. ನಾನು ಯಾವ ಹುಡುಗಿಗೂ ಬೈಯುವುದು ಬಿಟ್ಟವಳಲ್ಲ. ಬಿಟ್ಟರೆ ಆಕೆ ನನಗೆ ಬೇಡವಾದಳು ಅಂತಲೇ ಅರ್ಥ.

ಮಳೆಗಾಲ ಇದು. ಆ ಹಾಲಿನ ಹಿಂಬಾಗಿಲು ಉಬ್ಬಿಕೊಂಡು ಹಾಕಲಿಕ್ಕೆ ಬರುವುದಿಲ್ಲ, ಥಂಡಿ ಗಾಳಿ ನೇರ ಮೊಣಕಾಲಿಗೆ ಬಡಿಯುತ್ತದೆ. ಆ ಕಡೆ ನಿಲ್ಲಬೇಡ.

ನಿನ್ನ ಅಕ್ಕೋರು
ಅನುರಾಧಾ


ಭೋಪಾಲ
೨೬ ಸೆಪ್ಟೆಂಬರ್ ೨೦೨೩

ಅಕ್ಕೋರೆ,

ಹಿಂಬಾಗಿಲ ಸಂಗತಿ ನಿಮಗೆ ಯಾರು ಹೇಳಿದರು? ನಾನಂತೂ ಹೇಳಿಲ್ಲ. ಅದು ಇನ್ನೂ ಉಬ್ಬುತ್ತದೆ, ಇನ್ನೂ ಹಾಕಲಿಕ್ಕೆ ಬರುವುದಿಲ್ಲ. ಸಿಕ್ಕಿಬಿದ್ದಿರಿ.

ಇದನ್ನು ನಗುತ್ತ ಬರೆಯಬೇಕೆಂದು ಇಷ್ಟು ದಿನ ಕಾದೆ. ಆಗುತ್ತಿಲ್ಲ. ಆಪಾ ನನಗೆ ಬೈಯುವುದನ್ನು ಬಿಟ್ಟಿದ್ದಾರೆ.

ಗಣಪತಿ ಹಬ್ಬದ ಮುಂಚಿನಿಂದ ಹೀಗೆ. ಸಾಲಿನಲ್ಲಿ ಒಬ್ಬೊಬ್ಬರನ್ನೇ ನೋಡುತ್ತ ಬರುತ್ತಾರೆ. ಮೊಣಕೈ ಎತ್ತು, ಸೊಂಟ ಹಿಡಿ, ಎಲ್ಲಿಗೆ ಓಡುತ್ತೀ ಅನ್ನುತ್ತಾರೆ. ನನ್ನ ಹತ್ತಿರ ಬರುತ್ತಲೇ ಮುಖ ತಿರುಗಿಸಿ ಮುಂದಿನವಳ ಕಡೆ ಹೋಗುತ್ತಾರೆ. ಬೇಕೆಂದೇ ತಾಳ ತಪ್ಪಿಸಿ ನೋಡಿದೆ ಅಕ್ಕೋರೆ. ಆಗಲೂ ಏನೂ ಅನ್ನಲಿಲ್ಲ. ನನ್ನ ಕೂಡ ಇರುವ ಹುಡುಗಿಯರು ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಾರೆ. ಅವರೆಲ್ಲ ನೃತ್ಯದ ಮನೆತನದವರು. ಒಬ್ಬಳಿಗೆ ಅಜ್ಜಿ, ಇನ್ನೊಬ್ಬಳಿಗೆ ಸೋದರಮಾವ ಗುರು. ನನಗೆ ಯಾರು?

ಪುಸ್ತಕದ ಕೆಲಸಕ್ಕೆ ಎಲ್ಲರೂ ತಮ್ಮ ಊರು, ಮನೆತನದ ಬಗ್ಗೆ ಬರೆದುಕೊಡಬೇಕಿತ್ತು. ನಾನು ನಮ್ಮ ಕೇರಿಯ ಹೆಸರೂ ಸೇರಿಸಿ ಇದ್ದದ್ದು ಇದ್ದಂತೆ ಬರೆದೆ. ಆಪಾ ಅದನ್ನು ಓದಿರಬೇಕು, ಅದಕ್ಕೇ ಸುಮ್ಮನಾದರೇನೋ. ಅಪ್ಪ ಒಂದು ಮಾತು ಹೇಳುತ್ತಿದ್ದ: "ಮಂದಿ ಬೈದ್ರ ಅಂಜಬ್ಯಾಡ ಅವ್ವಾ, ಮಾರಿ ತಿರುವಿದ್ರ ಅಂಜು." ಅವನು ಕಂಡವನು.

ಬಿಟ್ಟು ಬಂದುಬಿಡಲೇ? ನೀವು ಹೇಳಿದಂತೆ ಮಾಡುತ್ತೇನೆ.

ಆಮ್ರಪಾಲಿ


ಮಾಣಿಕನಗರ
೮ ಅಕ್ಟೋಬರ್ ೨೦೨೩

ಮಗಳೆ,

ನಿನ್ನ ಪತ್ರ ಓದಿ ಅನ್ನ ಸೇರಲಿಲ್ಲ. ಇನ್ನು ಮುಚ್ಚಿಡುವುದು ಏನು ಬಂತು? ಫೋಟೋದ ಹುಡುಗಿ ನಾನೇ.

ನಮ್ಮಪ್ಪ ಮಹಾರುದ್ರಪ್ಪನವರದು ಹುಮನಾಬಾದದಲ್ಲಿ ಬಟ್ಟೆ ಅಂಗಡಿ. ಮಠದಲ್ಲಿ ಹಾಡುವವರು, ಬಾರಿಸುವವರು ಬಂದಾಗ ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಹೋಗುತ್ತಿದ್ದರು. ಮಗಳು ಕುಣಿಯುತ್ತೇನೆ ಅಂದಾಗ ಮಂದಿಯ ಮಾತು ಕೇಳದೆ ಭೋಪಾಲಕ್ಕೆ ಬಿಟ್ಟು ಬಂದರು. ನನ್ನ ಹಿಂದಿ ಕೇಳಿ ಹುಡುಗಿಯರು ನಗುತ್ತಿದ್ದರು. ಆಪಾ ನಗುತ್ತಿರಲಿಲ್ಲ, ಬೈಯುತ್ತಿದ್ದರು. ಆ ಬೈಗುಳ ತಿಂದೇ ನಾನು ಅಲ್ಲಿ ಬದುಕಿದ್ದೆ. ಯಾರೋ ಒಬ್ಬರು ನನ್ನನ್ನು ನೋಡುತ್ತಿದ್ದಾರಲ್ಲ ಅಂತ.

ಆಮೇಲೆ ಒಂದು ದಸರೆಯ ಹೊತ್ತಿಗೆ ನಿಲ್ಲಿಸಿಬಿಟ್ಟರು. ನೀನು ಬರೆದಂತೆಯೇ. ಮುಖ ತಿರುಗಿಸಿ ಮುಂದಿನವಳ ಕಡೆ. ಯಾಕೆ ಅಂತ ಕೇಳಲಿಕ್ಕೆ ನನಗೆ ಬಾಯಿ ಬರಲಿಲ್ಲ, ಗುರುವನ್ನು ಪ್ರಶ್ನೆ ಕೇಳುವುದು ನಮ್ಮ ಮನೆಯಲ್ಲಿ ಕಲಿಸಿದ್ದಲ್ಲ. ನನ್ನಲ್ಲಿ ಏನೂ ಉಳಿದಿಲ್ಲ, ಬೈದು ಉಪಯೋಗವಿಲ್ಲ ಅಂತ ಬಿಟ್ಟಿದ್ದಾರೆ ಎಂದು ತಿಳಿದೆ. ಸಂಕ್ರಮಣದವರೆಗೆ ಕಾದೆ. ಎಳ್ಳುಬೆಲ್ಲದ ದಿನ ಪೆಟ್ಟಿಗೆ ಎತ್ತಿಕೊಂಡು ರೈಲು ಹತ್ತಿದೆ. ಗುಲ್ಬರ್ಗಾದಿಂದ ಬಸ್ಸಿನಲ್ಲಿ ಬರುವಾಗ ಗೆಜ್ಜೆ ಸದ್ದು ಮಾಡಬಾರದೆಂದು ಸೆರಗಿನಲ್ಲಿ ಸುತ್ತಿ ತೊಡೆಯ ಮೇಲೆ ಇಟ್ಟುಕೊಂಡಿದ್ದೆ.

ಮಗಳು ಸೋತು ಬಂದಳು ಅನ್ನಿಸಿಕೊಳ್ಳಬಾರದೆಂದು ಅಪ್ಪ ಮಂದಿಗೆ "ಹೈದರಾಬಾದದಾಗ ಕಲತು ಮುಗಿಸ್ಯಾಳ" ಅಂದರು. ಅದೇ ಉಳಿಯಿತು. ನಾನು ಒಂದು ಸಲವೂ ಸ್ಟೇಜ್ ಹತ್ತಲಿಲ್ಲ. ಹತ್ತಬೇಕೆಂದಾಗೆಲ್ಲ ಆ ತಿರುಗಿದ ಮುಖ ಕಣ್ಣೆದುರು ಬರುತ್ತಿತ್ತು.

ಕುಣಿಯಲಾರದಾಕಿ ನೆಲ ಡೊಂಕು ಅಂದಳಂತೆ ಅನ್ನುವ ಮಾತು ನಿನಗೆ ಹತ್ತುವುದಿಲ್ಲ. ನಿನಗೆ ಕುಣಿಯಲಿಕ್ಕೆ ಬರುತ್ತದೆ, ಅದು ನನಗೆ ಗೊತ್ತು. ನೋಡದವರ ಮುಂದೆ ನಿಂತು ಕೊರಗಬೇಡ. ಬಾ ಮಗಳೆ, ಬಂದುಬಿಡು. ಬಸವಕಲ್ಯಾಣದ ಕೋಣೆ ನಿನಗೇ ಬಿಟ್ಟುಕೊಡುತ್ತೇನೆ.

ಅಕ್ಕೋರು


ಭೋಪಾಲ
೨೪ ಅಕ್ಟೋಬರ್ ೨೦೨೩

ಅಕ್ಕೋರೆ,

ನಿಮ್ಮ ಪತ್ರ ಬಂದ ದಿನವೇ ಬ್ಯಾಗು ತುಂಬಿದ್ದೆ. ಅಪ್ಪನಿಗೂ ಹೇಳಿಬಿಟ್ಟಿದ್ದೆ. ಹೋಗುವ ಮೊದಲು ಸಾಜಿದ ಸಾಹೇಬರಿಗೆ ಹೇಳಿ ಹೋಗೋಣ ಎಂದು ಅವರ ಮನೆಗೆ ಹೋದೆ. ಇತಿಹಾಸದ ಪುಸ್ತಕಕ್ಕಾಗಿ ಅವರನ್ನು ಮಾತಾಡಿಸುತ್ತಿದ್ದೆ, ಅರ್ಧಕ್ಕೆ ಬಿಟ್ಟು ಹೋಗುವುದು ಸರಿ ಅನ್ನಿಸಲಿಲ್ಲ. ನಿಮ್ಮ ಕಾಲದಲ್ಲಿ ಆಪಾನ ಪಾಠಕ್ಕೆ ತಬಲಾ ಬಾರಿಸುತ್ತಿದ್ದವರು, ನಿಮಗೆ ನೆನಪಿರಬಹುದು.

ಯಾಕೆ ಹೊರಟೆ ಎಂದರು. ಹೇಳಿದೆ. ಅವರು ಚಹಾದ ಬಟ್ಟಲು ಕೆಳಗಿಟ್ಟು ನನ್ನನ್ನೇ ನೋಡಿದರು. ಅವರ ಹಿಂದಿ ಮಾತನ್ನು ನಮ್ಮ ಮಾತಿನಲ್ಲೇ ಬರೆಯುತ್ತೇನೆ:

"ಅಯ್ಯ ಹುಚ್ಚಿ, ಆಪಾ ಬೈಯೋದು ಬಿಟ್ಟಾರಂದ್ರ ನೀ ತಯಾರಾದಿ ಅಂತ. ಇದು ಅವರ ಗುರುವಿನಿಂದ ಬಂದ ಪದ್ಧತಿ. ತಯಾರಾದ ಶಿಷ್ಯಳನ್ನ ಗುರು ನೋಡಬಾರದು, ಹೊಗಳಬಾರದು. ಎಲ್ಲಾರಕ್ಕಿಂತ ಮೊದಲು ನಜರ್ ಬೀಳೋದು ಗುರುವಿಂದೇ. ಅದಕ್ಕ ಮಾರಿ ತಿರುವತಾರ."

ದೃಷ್ಟಿ ಆಗಬಾರದು ಅಂತ, ಅಕ್ಕೋರೆ! ನಮ್ಮ ಕಡೆ ಕೂಸಿನ ಗಲ್ಲಕ್ಕೆ ಕಪ್ಪು ಬೊಟ್ಟು ಇಡುತ್ತಾರಲ್ಲ, ಅಷ್ಟೇ. ನೃತ್ಯದ ಮನೆಗಳಲ್ಲಿ ಹುಟ್ಟಿದವರಿಗೆ ಇದು ತೊಟ್ಟಿಲಿನಿಂದಲೇ ಗೊತ್ತು. ಗೊತ್ತಿರುವುದನ್ನು ಯಾರು ಯಾರಿಗೆ ಬಿಡಿಸಿ ಹೇಳುತ್ತಾರೆ? ನನ್ನ ಕೂಡ ಇರುವ ಹುಡುಗಿಯರು ಮುಖ ಮುಖ ನೋಡಿಕೊಂಡದ್ದು ಹೊಟ್ಟೆಕಿಚ್ಚಿಗೆ.

ಆಮೇಲೆ ನಾನು ನಿಮ್ಮ ಹೆಸರು ಹೇಳಿದೆ. ಸಾಹೇಬರಿಗೆ ಕೂಡಲೇ ನೆನಪಾಯಿತು. "ಹುಮನಾಬಾದಿನ ಹುಡುಗಿ. ಆ ವರ್ಷದ ಜಲಸಾಕ್ಕ, ಶಾಲಿ ವಾರ್ಷಿಕ ಕಾರ್ಯಕ್ರಮಕ್ಕ, ಆಪಾ ಆಕಿ ಒಬ್ಬಾಕಿದೇ ನೃತ್ಯ ಇಟ್ಟಿದ್ರು. ಸಂಕ್ರಾಂತಿ ದಿನ ಎದ್ದು ನೋಡಿದ್ರ ಹುಡುಗಿ ಇಲ್ಲ. ಮನಿಯವರು ಲಗ್ನಕ್ಕ ಕರಕೊಂಡು ಹೋದ್ರು ಅಂತ ಯಾರೋ ಅಂದ್ರು, ಆಪಾ ಅದನ್ನ ನಂಬಿದ್ರು. ಆ ವರ್ಷ ಆ ಜಾಗಾದಾಗ ಯಾರನ್ನೂ ಕುಣಸಲಿಲ್ಲ" ಎಂದರು.

ನಾನು ಬ್ಯಾಗು ಬಿಚ್ಚಿದೆ. ಇಲ್ಲೇ ಇರುತ್ತೇನೆ. ಇದನ್ನು ನಿಮಗೆ ಬರೆಯಬೇಕೋ ಬೇಡವೋ ಎಂದು ಬಹಳ ಯೋಚಿಸಿದೆ. ನಿಮ್ಮದನ್ನು ನಿಮಗೆ ಕೊಡದೆ ನಾನು ಇಟ್ಟುಕೊಳ್ಳುವುದು ಹೇಗೆ?

ಆಮ್ರಪಾಲಿ


ಮಾಣಿಕನಗರ
೨೦ ನವೆಂಬರ್ ೨೦೨೩

ಆಮ್ರಪಾಲಿ,

ಬರೆಯಬಾರದಿತ್ತು.

ದೀಪಾವಳಿ ಬಂತು, ಹೋಯಿತು. ಗುರುಶಾಂತನ ಹೆಂಡತಿ ವಿದ್ಯಾವತಿ ಸಾಲು ದೀಪ ಹಚ್ಚಿದಳು, ಹುಡುಗರು ಪಟಾಕಿ ಹಾರಿಸಿದರು. ನಾನು ಒಂದು ಕಡೆ ಕೂತಿದ್ದೆ. "ಮೈಯಾಗ ಆರಾಮಿಲ್ಲೇನ್ರಿ ಅತ್ತಿ?" ಅಂತ ವಿದ್ಯಾವತಿ ಕೇಳಿದಳು. ದೀಪದ ಎಣ್ಣೆ ಮುಗಿದಿದೆ, ಮೊದಲು ಅದನ್ನು ನೋಡು ಅಂದೆ.

ನಾನು ಸೋತವಳು ಅಂತ ತಿಳಿದು ಅದಕ್ಕೆ ಹೊಂದಿಕೊಂಡಿದ್ದೆ. ಆ ಲೆಕ್ಕದಲ್ಲೇ ಲಗ್ನ ಆದೆ, ಸಂಸಾರ ಮಾಡಿದೆ, ಯಜಮಾನರನ್ನು ಮಣ್ಣು ಮಾಡಿದೆ, ಮಕ್ಕಳಿಗೆ ಕಲಿಸಿದೆ. ಈಗ ನೀನು ಬಂದು, ಇಲ್ಲ ಅಕ್ಕೋರೆ ನೀವು ಸೋತಿರಲಿಲ್ಲ ಅನ್ನುತ್ತಿ. ಅರವತ್ತು ದಾಟಿದ ಮೊಣಕಾಲು ಇಟ್ಟುಕೊಂಡು ಇದನ್ನು ತೆಗೆದುಕೊಂಡು ನಾನೇನು ಮಾಡಲಿ?

ಸಿಟ್ಟು ಬರುತ್ತದೆ. ಬೈಯಲಿಕ್ಕೆ ಅಷ್ಟು ಬಾಯಿ ಇತ್ತಲ್ಲ ಆ ಹೆಂಗಸಿಗೆ! ಒಂದೇ ಒಂದು ಸಲ "ಹುಡುಗಿ, ಚಂದ ಕುಣಿದಿ" ಅಂದಿದ್ದರೆ ಏನು ಗಂಟು ಹೋಗುತ್ತಿತ್ತು? ನಜರ್ ಆಗಬಾರದು ಅಂತ ಬಾಳೇ ಮುರಿದರಲ್ಲ.

ಹಿಂದಿನ ಪತ್ರದಲ್ಲಿ ಬಂದುಬಿಡು ಅಂದಿದ್ದೆ. ಅದನ್ನು ಹರಿದು ಒಗೆ. ನನ್ನ ಮಾತು ಕೇಳಿ ನೀನೂ ರೈಲು ಹತ್ತಿದ್ದರೆ ನಾನು ಯಾವ ಮುಖ ಇಟ್ಟುಕೊಂಡು ನರಸಿಂಗನ ಮುಂದೆ ನಿಲ್ಲುತ್ತಿದ್ದೆ?

ಒಂದು ಕೆಲಸ ಮಾಡು. ಸಾಜಿದ ಸಾಹೇಬರು ಹೇಳಿದ್ದು ನನಗೆ ಸಾಲದು. ಆಪಾನನ್ನೇ ಕೇಳು. ಅವರು ಏನು ಅನ್ನುತ್ತಾರೋ ಅದನ್ನು ಅವರ ಮಾತಿನಲ್ಲೇ ಬರೆ. ಬೈದರೂ ಸರಿ. ಅವರ ಬಾಯಿಯ ಒಂದು ಮಾತು ನನಗೆ ಬೇಕು.

ಅನುರಾಧಾ


ಭೋಪಾಲ
೫ ಡಿಸೆಂಬರ್ ೨೦೨೩

ಅಕ್ಕೋರೆ,

ಪತ್ರ ಮುಟ್ಟಿತು. ಇಲ್ಲಿ ಥಂಡಿ ಬಹಳ. ಹಿಂಬಾಗಿಲನ್ನು ಈ ಸಲ ಬಡಗಿಯನ್ನು ಕರೆಸಿ ಕೆತ್ತಿಸಿದರು, ಈಗ ಹಾಕಲಿಕ್ಕೆ ಬರುತ್ತದೆ. ಪುಸ್ತಕದ ಕೆಲಸ ಜೋರಾಗಿ ನಡೆದಿದೆ. ಶಾಲೆಯ ಮೊದಲ ಕಟ್ಟಡ ನವಾಬರ ಕಾಲದ ಕುದುರೆ ಲಾಯವಾಗಿತ್ತಂತೆ, ಮೊದಲನೇ ಮಳೆಗಾಲ ಹುಡುಗಿಯರು ಛತ್ರಿ ಹಿಡಿದುಕೊಂಡೇ ತಾಳ ಹಾಕಿದರಂತೆ. ಆಪಾಗೆ ಸ್ವಲ್ಪ ಹುಷಾರಿಲ್ಲ, ಪಾಠಕ್ಕೆ ಬರುತ್ತಿಲ್ಲ. ಪರೀಕ್ಷೆ ಹತ್ತಿರ ಬಂತು, ಹೆಚ್ಚು ಬರೆಯಲು ಆಗುತ್ತಿಲ್ಲ. ಗುರುಶಾಂತ ಅಣ್ಣನಿಗೆ ಒಂದು ಕೆಲಸ ಹೇಳಿದ್ದೇನೆ, ಅವನು ಫೋನು ಹಿಡಿದುಕೊಂಡು ನಿಮ್ಮ ಪಾಠಕ್ಕೆ ಬಂದರೆ ಬೈದು ಓಡಿಸಬೇಡಿ.

ಆಮ್ರಪಾಲಿ


ಮಾಣಿಕನಗರ
೩ ಜನವರಿ ೨೦೨೪

ಆಮ್ರಪಾಲಿ,

ನಾನು ಕೇಳಿದ್ದೇನು, ನೀನು ಬರೆದದ್ದೇನು? ಕುದುರೆ ಲಾಯ ಕಟ್ಟಿಕೊಂಡು ನನಗೇನಾಗಬೇಕು?

ನೀನು ಕೇಳಿರುತ್ತಿ. ಅವರು ಯಾವ ಹುಡುಗಿ, ನನಗೆ ನೆನಪಿಲ್ಲ ಅಂದಿರುತ್ತಾರೆ. ಇಲ್ಲವೇ, ಹಾಂ ಆ ಎಮ್ಮೆ ಅಂದಿರುತ್ತಾರೆ. ಅದನ್ನು ಬರೆಯಲು ನಿನಗೆ ಮನಸ್ಸು ಬಂದಿಲ್ಲ. ಸಾಜಿದ ಸಾಹೇಬರು ನಿನ್ನನ್ನು ಉಳಿಸಿಕೊಳ್ಳಲಿಕ್ಕೆ ಒಂದು ಕಥೆ ಕಟ್ಟಿದರು, ಒಳ್ಳೆಯದೇ ಆಯಿತು. ನನ್ನದು ನಾನು ಮೊದಲು ತಿಳಿದುಕೊಂಡಿದ್ದೇ ಸರಿ. ನನ್ನ ಮೇಲೆ ಕನಿಕರ ಬೇಡ. ಚೆನ್ನಾಗಿ ಕಲಿ.

ಅನುರಾಧಾ


ಭೋಪಾಲ
೧೭ ಜನವರಿ ೨೦೨೪

ಅಕ್ಕೋರೆ,

ತಪ್ಪಾಯಿತು, ಮೊದಲೇ ಹೇಳಬೇಕಿತ್ತು. ಆಪಾಗೆ ಮಾತಿಲ್ಲ. ದೀಪಾವಳಿಯ ಮರುದಿನ ಲಕ್ವಾ ಹೊಡೆಯಿತು. ಬಲಗೈ, ಬಲಗಾಲು ಹೋಗಿವೆ, ಬಾಯಿಂದ ಒಂದು ಶಬ್ದವೂ ಹೊರಡುವುದಿಲ್ಲ. "ಅವರ ಬಾಯಿಯ ಒಂದು ಮಾತು ಬೇಕು" ಅಂದ ನಿಮ್ಮ ಪತ್ರ ನನ್ನ ಕೈಗೆ ಬಂದಾಗ ನಾನು ಅವರ ಕೋಣೆಯ ಹೊರಗೆ ಕೂತಿದ್ದೆ. ಇಷ್ಟು ವರ್ಷ ಕಾದವರಿಗೆ ಇದನ್ನು ಹ್ಯಾಂಗ ಬರೆಯಲಿ? ಡಾಕ್ಟರು ಮಾತು ಬರಬಹುದು ಅನ್ನುತ್ತಿದ್ದರು, ನಾನೂ ದಾರಿ ಕಾದೆ. ಬರಲಿಲ್ಲ.

ಗುರುಶಾಂತ ಅಣ್ಣ ಕಳಿಸಿದ ವಿಡಿಯೋ ಅದಕ್ಕೇ ತರಿಸಿದ್ದು. ನೀವು ಮಕ್ಕಳಿಗೆ ಬೈಯುತ್ತ, ಕೊನೆಗೆ ಸೆರಗು ಸಿಕ್ಕಿಸಿ ನೀವೇ ನಿಂತು ಕಾಲು ಹಾಕಿ ತೋರಿಸುತ್ತೀರಲ್ಲ, ಅದು. ನಿನ್ನೆ ಸಂಜೆ ಆಪಾನ ಹಾಸಿಗೆಯ ಹತ್ತಿರ ಕೂತು ಫೋನು ಅವರ ಮುಖದ ಹತ್ತಿರ ಹಿಡಿದೆ. "ಹುಮನಾಬಾದಿನ ಅನುರಾಧಾ" ಎಂದು ಕಿವಿಯಲ್ಲಿ ಹೇಳಿದೆ.

ನೋಡಿದರು. ಎಡಗೈ ಬೆರಳುಗಳು ಹಾಸಿಗೆಯ ಮೇಲೆ ನಿಮ್ಮ ಕಾಲಿನ ಕೂಡ ತಾಳ ಹಾಕುತ್ತಿದ್ದವು. ನೀವು ಸಮಕ್ಕೆ, ತಾಳದ ಮೊದಲ ಪೆಟ್ಟಿಗೆ, ಸರಿಯಾಗಿ ಬಂದು ನಿಂತಿರಿ. ಆಗ ಆಪಾ ಮುಖ ಗೋಡೆಯ ಕಡೆ ತಿರುಗಿಸಿದರು.

ನರ್ಸು, "ದಣದಾರ, ಸಾಕು" ಎಂದಳು. ನಾನು ಫೋನು ಆರಿಸಿದೆ. ಅದು ದಣಿವೋ, ಇನ್ನೇನೋ, ನಾನು ಹೇಳಲಾರೆ ಅಕ್ಕೋರೆ. ಕಂಡದ್ದನ್ನು ಕಂಡಂತೆ ಬರೆದಿದ್ದೇನೆ.

ಫೋಟೋದ ಕೆಳಗೆ "ಅನುರಾಧಾ, ಹುಮನಾಬಾದ" ಎಂದು ಬರೆಸಿದ್ದೇನೆ. ಪುಸ್ತಕದಲ್ಲೂ ಬಂದಿದೆ. ಫೆಬ್ರುವರಿ ಹನ್ನೊಂದಕ್ಕೆ ಐವತ್ತರ ಜಲಸಾ. ನನ್ನದು ಒಬ್ಬಳದೇ ನೃತ್ಯ ಇದೆ. ಬರ್ರಿ. ಆಪಾನನ್ನೂ ನೋಡಿದಂತಾಗುತ್ತದೆ. ಬೇಗ ಬರ್ರಿ.

ಆಮ್ರಪಾಲಿ


ಭೋಪಾಲ
೨೯ ಜನವರಿ ೨೦೨೪

ಅಕ್ಕೋರೆ,

ಆಪಾ ಹೋದರು. ಇವತ್ತು ಬೆಳಿಗ್ಗೆ, ಹಾಲಿನಲ್ಲಿ ನಾವು ತಾಲೀಮು ಮಾಡುತ್ತಿದ್ದಾಗ. ಗುರುಶಾಂತ ಅಣ್ಣನಿಗೆ ಫೋನು ಮಾಡಿ ಹೇಳಿದ್ದೇನೆ, ಆದರೂ ನಿಮಗೆ ನಾನೇ ಬರೆಯಬೇಕು ಅನ್ನಿಸಿತು. ಮಣ್ಣಿಗೆ ಹೋಗುವಾಗ ಸಾಜಿದ ಸಾಹೇಬರು ದಾರಿಯುದ್ದಕ್ಕೂ ಬೆರಳಲ್ಲಿ ತೊಡೆಯ ಮೇಲೆ ತಾಳ ಹಾಕುತ್ತಿದ್ದರಂತೆ.

ಆಮ್ರಪಾಲಿ


ಮಾಣಿಕನಗರ
೨೬ ಫೆಬ್ರುವರಿ ೨೦೨೪

ಆಮ್ರಪಾಲಿ, ನನ್ನ ಮಗಳೆ,

ಟಿಕೀಟು ತೆಗೆಸಿದ್ದೆ. ಆಪಾಗೆ ಕೊಡಲಿಕ್ಕೆಂದು ಮಠದ ಪ್ರಸಾದ ಕಟ್ಟಿಟ್ಟಿದ್ದೆ. ಗೆಜ್ಜೆ ಕೂಡ ಬ್ಯಾಗಿನಲ್ಲಿ ಇಟ್ಟಿದ್ದೆ. ಕುಣಿಯಲಿಕ್ಕಲ್ಲ, ಅವರ ಕಾಲ ಹತ್ತಿರ ಇಡಲಿಕ್ಕೆ. ಗುರುಶಾಂತ ಅಂಗಡಿ ಬಿಟ್ಟು ಮನೆಗೆ ಬಂದು ಬಾಗಿಲಲ್ಲಿ ನಿಂತಾಗಲೇ ನನಗೆ ತಿಳಿಯಿತು. ಆಮೇಲೆ ಜಲಸಾಕ್ಕೆ ಬರಲು ಕಾಲು ಏಳಲಿಲ್ಲ. ಕ್ಷಮಿಸು.

ಅತ್ತೆ. ಹೆತ್ತ ತಾಯಿಗೆ ಅತ್ತಂತೆ ಅತ್ತೆ. ಸಿಟ್ಟು ಇನ್ನೂ ಇದೆ, ಅದರ ಜೊತೆಗೇ ಅತ್ತೆ.

ನಿನ್ನ ನೃತ್ಯದ ವಿಡಿಯೋವನ್ನು ಗುರುಶಾಂತ ಅಂಗಡಿಯಲ್ಲಿ ಕೂರಿಸಿ ತೋರಿಸಿದ. ವಿದ್ಯಾವತಿಯೂ ಇದ್ದಳು. ನಿನ್ನ ಅಪ್ಪನನ್ನು ಘಾಟಬೋರಾಳದಿಂದ ಕರೆಸಿದ್ದೆ, ತಲೆಯ ರುಮಾಲು ತೆಗೆದು ಕೈಯಲ್ಲಿ ಹಿಡಿದುಕೊಂಡು ನೋಡಿದ. ನಾನು ತಪ್ಪು ಹುಡುಕಬೇಕೆಂದೇ ಕನ್ನಡಕ ಒರೆಸಿ ಕೂತಿದ್ದೆ. ಮೊದಲಿಗೆ ಒಂದೆರಡು ಸಿಕ್ಕವು. ಆಮೇಲೆ ಹುಡುಕುವುದೇ ಮರೆತುಹೋಯಿತು. ನೀನು ಗಿರಗಿರ ತಿರುಗಿ ಸಮಕ್ಕೆ ಬಂದು ಹೆಜ್ಜೆ ಊರಿದೆಯಲ್ಲ, ಆಗ ನಾನು ಮುಖ ತಿರುಗಿಸಿಬಿಟ್ಟೆ.

"ಯಾಕ್ರಿ ಅತ್ತಿ, ಚಂದ ಕುಣಿಯಾಕತ್ತಾಳ, ನೋಡ್ರಿ!" ಅಂದಳು ವಿದ್ಯಾವತಿ. ನೋಡಲಿಕ್ಕೆ ಆಗಲಿಲ್ಲ ಮಗಳೆ. ಕಣ್ಣು ತುಂಬಿ ಏನೂ ಕಾಣುತ್ತಿರಲಿಲ್ಲ. ಅದನ್ನು ಮಂದಿ ನೋಡಬಾರದು ಅಂತ ತೆಂಗಿನಕಾಯಿ ರಾಶಿಯ ಕಡೆ ಮುಖ ಮಾಡಿ ಕೂತೆ.

ಆಪಾ ಮುಖ ತಿರುಗಿಸಿದಾಗ ಅವರ ಕಣ್ಣಲ್ಲಿ ಏನಿತ್ತು ಅಂತ ನಾನು ಆಗಲೂ ನೋಡಲಿಲ್ಲ, ಈಗಲೂ ನೋಡಲಿಲ್ಲ. ಇತ್ತು ಅಂತ ನಂಬುತ್ತೇನೆ. ಆದರೆ ನಂಬಿಕೆಯಿಂದ ಹೊಟ್ಟೆ ತುಂಬುವುದಿಲ್ಲ, ಅದನ್ನು ನಿನಗೆ ಸುಳ್ಳು ಹೇಳಲಾರೆ.

ಅದಕ್ಕೇ ಆ ಪದ್ಧತಿ ನನ್ನ ಮನೆಯ ಹೊಸ್ತಿಲಿಗೇ ನಿಂತುಹೋಯಿತು, ಒಳಗೆ ಬಿಡುವುದಿಲ್ಲ. ಮೊನ್ನೆ ರವಿವಾರ ಬಸವಕಲ್ಯಾಣದಲ್ಲಿ ಖುಷ್ನುಮಾ ಅನ್ನುವ ಸಣ್ಣ ಹುಡುಗಿ ಮೊದಲ ಸಲ ತಾಳ ತಪ್ಪದೆ ಮುಗಿಸಿದಳು. "ಶಾಭಾಸ್ ಬೇಟಿ, ಚಂದ ಮಾಡಿದಿ" ಅಂದೆ. ಆಕೆ ತಿರುಗಿ ಹಿಂದೆ ನೋಡಿದಳು, ಬೇರೆ ಯಾರಿಗೋ ಅಂದೆನೇನೋ ಅಂತ. ನನ್ನ ಬಾಯಿಂದ ಇಂಥದ್ದು ಯಾರೂ ಕೇಳಿರಲಿಲ್ಲವಲ್ಲ.

ಈಗ ನಿನಗೆ. ಬಾಯಿ ಬಿಟ್ಟು, ಕೈಯಾರೆ ಬರೆದು ಹೇಳುತ್ತೇನೆ: ಆಮ್ರಪಾಲಿ, ನೀನು ಚಂದ ಕುಣಿದಿ. ಬಹಳ ಚಂದ ಕುಣಿದಿ. ನಜರ್ ಆದರೆ ಆಗಲಿ, ಉಪ್ಪು ಮೆಣಸಿನಕಾಯಿ ನಿನ್ನ ಫೋಟೋಕ್ಕೆ ನಿವಾಳಿಸಿ ಒಲೆಗೆ ಹಾಕಿದ್ದೇನೆ. ಘಾಟಿಗೆ ಮನೆಮಂದಿಯೆಲ್ಲ ಕೆಮ್ಮಿದರು.

ಇನ್ನೊಂದು ಕೆಲಸ ಉಳಿದಿದೆ. ಯಾರೂ ಇಲ್ಲದಾಗ ಗೋಡೆಯ ಆ ಫೋಟೋದ ಹತ್ತಿರ ಹೋಗು. ಹಿಂದಿನ ಸಾಲು, ತುದಿ, ಎರಡು ಜಡೆ. ಆಕೆಗೆ ನಮ್ಮ ಮಾತಿನಲ್ಲಿ, ಗಟ್ಟಿಯಾಗಿ ಹೇಳು, "ಹುಡುಗಿ, ಚಂದ ಕುಣಿದಿ" ಅಂತ. ಇನ್ನೂ ಯಾರೂ ಆಕೆಗೆ ಹೇಳಿಲ್ಲ.

ನಿನ್ನ ಅಕ್ಕೋರು
ಅನುರಾಧಾ